ಶಿಯಾನ್‌ನ ಗಲ್ಲಿಗಳಲ್ಲಿ ತಿನ್ನುತ್ತಾ ನಡೆದ ಒಂದು ಬೆಳಿಗ್ಗೆ

ಚೀನಾದ ಶಿಯಾನ್ ತಲುಪಿದ ಮೊದಲ ಸಂಜೆ ನಾವು ಗೈಡ್ ಇಲ್ಲದೆ ತಿನ್ನಲು ಹೊರಟೆವು. ನಾನು ಮತ್ತು ಅತ್ತಿಗೆ, ಇಬ್ಬರೇ. ಊರಿನ ನಡುವೆ ಇರುವ ಡ್ರಮ್ ಟವರ್‌ನ ಕಮಾನು ದಾಟಿದರೆ ಉತ್ತರಕ್ಕೆ ಬೇಯ್‌ಯುವಾನ್‌ಮೆನ್ ಬೀದಿ. ದೀಪಗಳ ಸಾಲು, ಜನಜಂಗುಳಿ, ಸುತ್ತಿಗೆಯಿಂದ ಶೇಂಗಾ ಮಿಠಾಯಿ ಕುಟ್ಟುವ ಸದ್ದು. ನೋಡಲು ಚೆಂದವೇ. ಆದರೆ ಅಲ್ಲಿ ಕಡ್ಡಿಗೆ ಚುಚ್ಚಿ ಮಾರುವ ಸ್ಕ್ವಿಡ್, ಗಬ್ಬು ವಾಸನೆಯ ತೋಫು ಇವೆಲ್ಲ ಶಿಯಾನ್ ತಿಂಡಿಗಳೇ ಅಲ್ಲ. ಸಮುದ್ರ ಅಲ್ಲಿಂದ ಬಹಳ ದೂರ. ದುಡ್ಡು ಖರ್ಚಾಯಿತು, ಅತ್ತಿಗೆಗೆ ಸುಟ್ಟ ಸಿಹಿಗೆಣಸು ಬಿಟ್ಟು ಬೇರೇನೂ ಸಿಗಲಿಲ್ಲ. ಮಾರನೆಯ ಬೆಳಿಗ್ಗೆ ಗೈಡ್ ಜೊತೆ ನಡೆದಾಗ, ಆ ಬೀದಿಯಿಂದ ಹದಿನೈದು ನಿಮಿಷದ ದೂರದಲ್ಲಿ, ಬೇರೆಯದೇ ಊರು ಕಂಡಿತು. ಹೋಗುವವರಿಗೆ ಉಪಯೋಗವಾಗಲಿ ಎಂದು ಆ ಬೆಳಿಗ್ಗೆಯ ಬಗ್ಗೆ ಬರೆಯುತ್ತಿದ್ದೇನೆ.

ಶಿಯಾನ್ ಶಾನ್‌ಶಿ ಪ್ರಾಂತ್ಯದ ರಾಜಧಾನಿ. ಹಳೆಯ ಹೆಸರು ಚಾಂಗ್‌ಆನ್. ರೇಷ್ಮೆ ದಾರಿ ಶುರುವಾಗುತ್ತಿದ್ದ ಊರು. ಹೆಚ್ಚಿನವರು ಬರುವುದು 1974ರಲ್ಲಿ ಬಾವಿ ತೋಡುವಾಗ ರೈತರಿಗೆ ಸಿಕ್ಕಿದ ಮಣ್ಣಿನ ಸೈನಿಕರನ್ನು ನೋಡಲು. ಊಟಕ್ಕೆಂದೇ ಒಂದು ದಿನ ಇಟ್ಟುಕೊಳ್ಳುವವರು ಕಡಿಮೆ. ನನ್ನ ಪ್ರಕಾರ ಇಟ್ಟುಕೊಳ್ಳಲೇಬೇಕು. ಇದು ಅನ್ನದ ನಾಡಲ್ಲ, ಗೋಧಿಯ ನಾಡು. ಒಣಮೆಣಸು, ವಿನೆಗರ್, ಜೀರಿಗೆ, ಬೆಳ್ಳುಳ್ಳಿ ಇಲ್ಲಿಯ ರುಚಿ. ನಮ್ಮ ಬಾಯಿಗೆ ಇದು ಬೇಗ ಹೊಂದುತ್ತದೆ.

ಹೊರಡುವ ಮೊದಲು ನೀವು ಏನು ತಿನ್ನುತ್ತೀರಿ, ಏನು ತಿನ್ನುವುದಿಲ್ಲ ಎಂದು ಬರೆದಿಟ್ಟುಕೊಳ್ಳಿ. ನಾವು ಕುಮಟಾ ಕಡೆಯವರು. ನಾನು ಮೀನು, ಕೋಳಿ, ಕುರಿ ತಿನ್ನುತ್ತೇನೆ. ದನ, ಹಂದಿ ಇಲ್ಲ. ಅತ್ತಿಗೆ ಮೊಟ್ಟೆಯನ್ನೂ ಮುಟ್ಟುವುದಿಲ್ಲ. ಗೈಡ್ ಜೊತೆಗಿನ ನಡಿಗೆ ಬುಕ್ ಮಾಡುವಾಗಲೇ ಇದನ್ನೆಲ್ಲ ಬರೆದಿದ್ದೆ. ಅದು ಗೈಡ್ ಕೈಗೆ ತಲುಪಿರಲೇ ಇಲ್ಲ. ಪುಣ್ಯಕ್ಕೆ ಆ ಹುಡುಗಿ ಬಹಳ ಚುರುಕು. ರಸ್ತೆಯ ಬದಿಯಲ್ಲೇ ನಿಂತು, ನಮ್ಮಿಬ್ಬರ ನಿಯಮಗಳನ್ನೂ ಚೀನೀ ಲಿಪಿಯಲ್ಲಿ ಬರೆದು ಫೋನಿಗೆ ಕಳಿಸಿದಳು. ಮುಂದಿನ ನಾಲ್ಕು ದಿನ ಆ ಚೀಟಿಯೇ ನಮ್ಮನ್ನು ಕಾಪಾಡಿತು. ನೀವೂ ಗೈಡ್ ಹತ್ತಿರ ಮೊದಲು ಇದನ್ನೇ ಬರೆಸಿಕೊಳ್ಳಿ. 'ವೆಜ್' ಎಂದಷ್ಟೇ ಹೇಳಿದರೆ ಸಾಲದು. ಮಾಂಸ ಬೇಯಿಸಿದ ನೀರೂ ಬೇಡ, ಮೊಟ್ಟೆಯೂ ಬೇಡ ಎಂದು ಬಿಡಿಸಿ ಬರೆಸಬೇಕು. ಬಾಯಲ್ಲಿ ಹೇಳಲು ಇಷ್ಟು ಸಾಕು: ದನದ ಮಾಂಸ ನ್ಯೂರೋ, ಕುರಿ ಮಾಂಸ ಯಾಂಗ್‌ರೋ, ಹಂದಿ ಮಾಂಸ ಜೂರೋ, ಮೊಟ್ಟೆ ಜೀದಾನ್. ಬೇಡ ಎನ್ನಲು 'ಬು ಯಾವ್'.

ನಾವು ನಡೆದದ್ದು ಹುಯ್ ಮುಸ್ಲಿಮರ ಕೇರಿಯಲ್ಲಿ. ಟಾಂಗ್ ರಾಜರ ಕಾಲದಲ್ಲಿ ಅರಬ್, ಪರ್ಷಿಯಾ ಕಡೆಯ ವ್ಯಾಪಾರಿಗಳು ಇಲ್ಲಿಗೆ ಬಂದು ನೆಲೆಸಿದರು. ಅವರ ಪೀಳಿಗೆಯವರು ಇಲ್ಲಿ ಇಂದಿಗೂ ಇದ್ದಾರೆ, ಚೀನೀ ಭಾಷೆಯನ್ನೇ ಮಾತಾಡುತ್ತಾರೆ. ಇಡೀ ಕೇರಿಯಲ್ಲಿ ಹಂದಿ ಮಾಂಸ ಇಲ್ಲ, ಹಂದಿ ಕೊಬ್ಬೂ ಇಲ್ಲ. ಸಸ್ಯಾಹಾರಿಗಳಿಗೆ ಇದು ದೊಡ್ಡ ಸಮಾಧಾನ. ಚೀನಾದ ಬೇರೆ ಕಡೆ ಸೊಪ್ಪಿನ ಪಲ್ಯವನ್ನೂ ಎಷ್ಟೋ ಸಲ ಹಂದಿ ಕೊಬ್ಬಿನಲ್ಲಿ ಬಾಡಿಸಿರುತ್ತಾರೆ. ಆದರೆ ದನದ ಮಾಂಸ ಇಲ್ಲಿ ಜಾಸ್ತಿ. ರೋಜ್ಯಾಮೋ ಎಂಬ ತಿಂಡಿ ಬಹಳ ಪ್ರಸಿದ್ಧ, ಬಿಸಿ ರೊಟ್ಟಿ ಸೀಳಿ ಒಳಗೆ ಕೊಚ್ಚಿದ ಮಾಂಸ ತುಂಬುತ್ತಾರೆ. ಈ ಕೇರಿಯಲ್ಲಿ ಅದು ಸಾಮಾನ್ಯವಾಗಿ ದನದ್ದು, ಹೊರಗೆ ಹಂದಿಯದು. ಹಾಗಾಗಿ ನನಗೆ ಎರಡೂ ಕಡೆ ಬೇಡವಾಯಿತು. ಅದೇ ರೊಟ್ಟಿಗೆ ಆಲೂಗಡ್ಡೆ, ಮೆಣಸಿನಕಾಯಿ, ಒಣಗಿದ ತೋಫು ತುಂಬಿ ಕೊಡುವವರಿದ್ದಾರೆ. ಅದರ ಹೆಸರು ತ್ಸಾಯ್‌ಜ್ಯಾಮೋ. ಮೊಟ್ಟೆ ಬೇಡ ಎಂದು ಮೊದಲೇ ಹೇಳಬೇಕು.

ನಡಿಗೆ ಶುರುವಾದದ್ದು ಎಂಟು ಗಂಟೆಗೆ, ಸಾಜಿನ್‌ಚ್ಯಾವ್ ಬೀದಿಯಲ್ಲಿ. ಮೆಟ್ರೋ 1ನೇ ಲೈನಿನಲ್ಲಿ ಅದೇ ಹೆಸರಿನ ನಿಲ್ದಾಣವಿದೆ. ಸಂಜೆಯ ನಡಿಗೆಗಳೇ ಜಾಸ್ತಿ ಇರುತ್ತವೆ, ಆದರೂ ಬೆಳಗಿನದನ್ನು ಆರಿಸಿಕೊಳ್ಳಿ. ಊರಿನವರು ತಿಂಡಿಗೆ ಬರುವ ಹೊತ್ತು ಅದು. ಕೆಲವು ತಿನಿಸುಗಳು ಹತ್ತು ಗಂಟೆಯೊಳಗೆ ಖಾಲಿಯಾಗುತ್ತವೆ.

ಜೆಂಗ್‌ಗಾವ್ ಅಂಥದ್ದೊಂದು. ಮೂರು ಚಕ್ರದ ಗಾಡಿಯ ಮೇಲೆ ದೊಡ್ಡ ಹಂಡೆ. ಒಳಗೆ ಅಂಟು ಅಕ್ಕಿ, ಕೆಂಪು ಖರ್ಜೂರದಂಥ ಹಣ್ಣು, ರಾಜ್ಮಾದಂಥ ಕಾಳು, ಪದರ ಪದರವಾಗಿ. ರಾತ್ರಿಯಿಡೀ ಹಬೆಯಲ್ಲಿ ಬೆಂದಿರುತ್ತದೆ. ಹಣ್ಣು ನಿಜಕ್ಕೂ ಖರ್ಜೂರವಲ್ಲ, ನಮ್ಮ ಎಲಚಿಯ ಜಾತಿಯದು. ಗಾಡಿಯವರು ಮೇಲಿಂದ ಕೆಳಗೆ ಸೌಟು ಹಾಕಿ ಎಲ್ಲ ಪದರವೂ ಬರುವ ಹಾಗೆ ಕೆರೆದು ಕೊಟ್ಟರು. ಅತ್ತಿಗೆ ಒಂದು ತುತ್ತು ತಿಂದು, "ಬೆಲ್ಲ ಹಾಕದೇ ಇಷ್ಟು ಸಿಹಿಯಾ?" ಎಂದರು. ಹಣ್ಣಿನ ಸಿಹಿಯೇ ಅಕ್ಕಿಗೆ ಇಳಿದಿರುತ್ತದೆ. ಬಹಳ ಭಾರದ ತಿಂಡಿ ಇದು. ಇಬ್ಬರಿಗೆ ಒಂದೇ ಡಬ್ಬಿ ಸಾಕು, ಮುಂದೆ ತಿನ್ನುವುದು ತುಂಬಾ ಇದೆ.

ಪಕ್ಕದಲ್ಲೇ ಹುಲಾತಾಂಗ್ ಅಂಗಡಿಗೆ ಉದ್ದ ಸಾಲು. ಕಾಳುಮೆಣಸಿನ ಖಾರದ ಗಟ್ಟಿ ಸಾರು, ಒಳಗೆ ತರಕಾರಿ ಮತ್ತು ದನದ ಮಾಂಸದ ಉಂಡೆ. ಉಂಡೆ ತೆಗೆದರೂ ಸಾರು ಮಾಂಸದ್ದೇ ಆದ್ದರಿಂದ ನಾವು ಮುಂದೆ ಹೋದೆವು.

ಅತ್ತಿಗೆಗೆ ಹಬ್ಬವಾದದ್ದು ಲ್ಯಾಂಗ್‌ಪಿ ಅಂಗಡಿಯಲ್ಲಿ. ಗೋಧಿ ಹಿಟ್ಟನ್ನು ಕಲಸಿ, ನೀರಿನಲ್ಲಿ ಹಿಸುಕಿ ಹಿಸುಕಿ ತೊಳೆಯುತ್ತಾರೆ. ನೀರಿಗೆ ಇಳಿದ ಬಿಳಿ ಗಂಜಿಯನ್ನು ತಟ್ಟೆಯಲ್ಲಿ ಹರಡಿ ಹಬೆಯಲ್ಲಿ ಬೇಯಿಸಿದರೆ ತೆಳ್ಳನೆಯ ಹಾಳೆ. ತೊಳೆದು ಉಳಿದ ಅಂಟನ್ನೂ ಬೇಯಿಸುತ್ತಾರೆ, ಅದು ಸ್ಪಂಜಿನ ಹಾಗೆ ಆಗುತ್ತದೆ. ಹಾಳೆಯನ್ನು ಕತ್ತರಿಸಿ, ಸೌತೆಕಾಯಿ, ಎಳ್ಳಿನ ಪೇಸ್ಟ್, ವಿನೆಗರ್, ಕೆಂಪು ಮೆಣಸಿನ ಎಣ್ಣೆ ಹಾಕಿ ತಣ್ಣಗೇ ಕೊಡುತ್ತಾರೆ. ಮಾಂಸದ ಸುಳಿವೇ ಇಲ್ಲ. ನಾವು ಹೋದಾಗ ಒಂದು ತಟ್ಟೆಗೆ ಹತ್ತು ಯುವಾನ್ ಆಸುಪಾಸು, ಅಂದರೆ ನಮ್ಮ ನೂರ ಇಪ್ಪತ್ತು ರೂಪಾಯಿ. ಜೊತೆಗೆ ಬಿಂಗ್‌ಫೆಂಗ್ ಎಂಬ ಕಿತ್ತಳೆ ಸೋಡಾ ಕುಡಿಯಿರಿ. ಶಿಯಾನ್‌ನದೇ ಹಳೆಯ ಬ್ರಾಂಡ್, ಗಾಜಿನ ಬಾಟಲಿಯಲ್ಲಿ ಬರುತ್ತದೆ. ಶೇಂಗಾ, ಎಳ್ಳು ಅಲರ್ಜಿ ಇರುವವರು ಮಾತ್ರ ಇಲ್ಲಿ ಹುಷಾರಾಗಿರಬೇಕು.

ಬ್ಯಾಂಗ್‌ಬ್ಯಾಂಗ್ ನೂಡಲ್ಸ್ ಮಾಡುವುದನ್ನು ಮೊದಲು ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡಿ. ಹಿಟ್ಟಿನ ತುಂಡನ್ನು ಎರಡೂ ಕೈಯಲ್ಲಿ ಎಳೆದು ಹಲಗೆಗೆ ಬಡಿಯುತ್ತಾರೆ. ಆ ಸದ್ದಿನಿಂದಲೇ ಹೆಸರು ಬಂತಂತೆ. ಬೆಲ್ಟಿನಷ್ಟು ಅಗಲ ಒಂದೊಂದು ಎಳೆ. ಆ ಹೆಸರನ್ನು ಬರೆಯುವ ಅಕ್ಷರಕ್ಕೆ ಐವತ್ತಕ್ಕೂ ಜಾಸ್ತಿ ಗೀಟುಗಳು. ಬಟ್ಟಲಲ್ಲಿ ಬೆಂದ ಎಳೆ, ಅದರ ಮೇಲೆ ಒಣಮೆಣಸಿನ ಪುಡಿ, ಹಸಿ ಈರುಳ್ಳಿ ಸೊಪ್ಪು. ಆಮೇಲೆ ಹೊಗೆಯಾಡುವ ಎಣ್ಣೆಯನ್ನು ಚೊಂಯ್ ಎಂದು ಸುರಿಯುತ್ತಾರೆ. ಒಗ್ಗರಣೆಯೇ! ಅತ್ತಿಗೆಯ ಮುಖ ಅರಳಿತು. ಹೀಗೆ ಎಣ್ಣೆ ಸುರಿದದ್ದಕ್ಕೆ 'ಯೋಪೋ' ಎನ್ನುತ್ತಾರೆ. ಸಸ್ಯಾಹಾರಿಗಳು ಅದನ್ನೇ ಕೇಳಿ, ಮಾಂಸದ ಸಾಸ್ ಬೇಡ ಎನ್ನಿ.

ಅದರಲ್ಲಿ ನಾಲಿಗೆ ಜುಮ್ ಎನಿಸುವ ಒಂದು ಪುಡಿ ಇತ್ತು. ಹ್ವಾಜ್ಯಾವ್ ಎಂದು ಗೈಡ್ ಒಂದೆರಡು ಕಾಳು ಕೈಗೆ ಹಾಕಿದಳು. ಮೂಸಿದ ಕೂಡಲೇ ಅಮ್ಮನ ಬಂಗಡೆ ಸಾರು ನೆನಪಾಯಿತು. ನಮ್ಮ ಕರಾವಳಿಯ ತಿರ್ಫಲ, ಕೆಲವರು ಜುಮ್ಮನಕಾಯಿ ಎನ್ನುವ ಅದೇ ಕುಟುಂಬದ ಕಾಯಿ. ಎರಡೂ ಒಂದೇ ಅಲ್ಲ, ಆದರೆ ಹತ್ತಿರದ ನೆಂಟರು. ಒಂದು ಪೊಟ್ಟಣ ಕೊಂಡು ತಂದೆ.

ಹತ್ತೂವರೆ ಹೊತ್ತಿಗೆ ಯಾಂಗ್‌ರೋ ಪಾವ್‌ಮೋ ಅಂಗಡಿ. ಇದನ್ನು ಅವಸರದಲ್ಲಿ ತಿನ್ನಬಾರದು. ಮೊದಲು ಖಾಲಿ ಬಟ್ಟಲು ಮತ್ತು ಗಟ್ಟಿಯಾದ ದುಂಡು ರೊಟ್ಟಿ ಕೊಡುತ್ತಾರೆ. ರೊಟ್ಟಿಯನ್ನು ನೀವೇ ಬೆರಳಲ್ಲಿ ಚಿವುಟಿ ಕಡಲೆಕಾಳಿನಷ್ಟು ಚೂರು ಮಾಡಬೇಕು. ನಾನು ದೊಡ್ಡ ದೊಡ್ಡ ಚೂರು ಮಾಡಿದ್ದನ್ನು ಗೈಡ್ ನೋಡಿ, ಇನ್ನೂ ಸಣ್ಣದು ಎಂದು ಸನ್ನೆ ಮಾಡಿದಳು. ಚೂರು ದೊಡ್ಡದಾದರೆ ಒಳಗೆ ಸಾರು ಇಳಿಯುವುದಿಲ್ಲ. ಆಮೇಲೆ ಬಟ್ಟಲನ್ನು ನಂಬರಿನ ಜೊತೆ ಒಳಗೆ ಒಯ್ದು, ಒಬ್ಬೊಬ್ಬರದನ್ನೂ ಬೇರೆ ಬೇರೆಯಾಗಿ ಕುರಿ ಸಾರು, ಶಾವಿಗೆಯ ಜೊತೆ ಕುದಿಸಿ ತರುತ್ತಾರೆ. ಪಕ್ಕಕ್ಕೆ ಸಿಹಿ ಉಪ್ಪಿನಕಾಯಿ ಬೆಳ್ಳುಳ್ಳಿ. ಕಲಕಬೇಡಿ, ಅಂಚಿನಿಂದ ಸ್ವಲ್ಪ ಸ್ವಲ್ಪವೇ ತಿನ್ನುತ್ತಾ ಬನ್ನಿ. ಕಟಕ ರೊಟ್ಟಿ ಮುರಿದು ಸಾರಿನಲ್ಲಿ ನೆನೆಸಿ ಉಂಡವರಿಗೆ ಇದು ಹೊಸದು ಅನ್ನಿಸುವುದಿಲ್ಲ. ದನದ ಮಾಂಸದ ಪಾವ್‌ಮೋ ಕೂಡ ಇರುತ್ತದೆ, ಯಾಂಗ್‌ರೋ ಎಂದು ಎರಡು ಸಲ ಹೇಳಿ ಖಚಿತ ಮಾಡಿಕೊಳ್ಳಿ.

ರೊಟ್ಟಿ ಚಿವುಟಲು ಇಪ್ಪತ್ತು ನಿಮಿಷ ಬೇಕಾಯಿತು. ಮಾತು ಬಂದದ್ದು ಆಗಲೇ. ಭಾರತದಲ್ಲಿ ಯಾವ ಕಡೆ ಎಂದು ಗೈಡ್ ಕೇಳಿದಳು. ಅತ್ತಿಗೆ ಹೈಸ್ಕೂಲಿನಲ್ಲಿ ಇತಿಹಾಸ ಪಾಠ ಮಾಡುವವರು. "ನಿಮ್ಮೂರಿನ ಹ್ಯೂಯೆನ್ ತ್ಸಾಂಗ್ ನಮ್ಮ ಪುಲಿಕೇಶಿಯ ಬಗ್ಗೆ ಬರೆದಿದ್ದಾನೆ, ಮಕ್ಕಳಿಗೆ ಪ್ರತಿ ವರ್ಷ ಹೇಳಿಕೊಡುತ್ತೇನೆ" ಎಂದರು. ಆಕೆಗೆ ಆ ಭಿಕ್ಷು ಗೊತ್ತು, ಪುಲಿಕೇಶಿ ಗೊತ್ತಿರಲಿಲ್ಲ. ಚಾಲುಕ್ಯರ ಇಮ್ಮಡಿ ಪುಲಿಕೇಶಿಯ ಹೆಸರನ್ನು ಫೋನಿನಲ್ಲಿ ಬರೆದುಕೊಂಡಳು. ಆ ಭಿಕ್ಷು 645ರಲ್ಲಿ ಇದೇ ಊರಿಗೆ ಮರಳಿದ. ತಂದ ಗ್ರಂಥಗಳನ್ನು ಇಡಲು 652ರಲ್ಲಿ ಕಟ್ಟಿಸಿದ, ಆಮೇಲೆ ಮತ್ತೆ ಕಟ್ಟಿದ ದೊಡ್ಡ ಗೋಪುರ ಇನ್ನೂ ನಿಂತಿದೆ. ಮೆಟ್ರೋದಲ್ಲಿ ದಯಾನ್‌ತಾ ನಿಲ್ದಾಣಕ್ಕೆ ಹೋಗಿ ಇಳಿಯಬೇಕು. ಮರುದಿನ ಅತ್ತಿಗೆ ಅಲ್ಲಿಂದ ಏಳಲೇ ಇಲ್ಲ.

ನಡಿಗೆಯ ಕೊನೆಗೆ ಹ್ವಾಜ್ಯುವೆ ಗಲ್ಲಿಯ ದೊಡ್ಡ ಮಸೀದಿ. ಗುಮ್ಮಟವಿಲ್ಲ, ಚೀನಾದ ದೇವಸ್ಥಾನದ ಹಾಗೆ ಹೆಂಚಿನ ಮಾಡು, ಅಂಗಳದ ಹಿಂದೆ ಅಂಗಳ. ಟಿಕೆಟ್ ಇದೆ. ಪ್ರಾರ್ಥನೆಯ ಹಾಲ್‌ನೊಳಗೆ ಮುಸ್ಲಿಮರಿಗೆ ಮಾತ್ರ ಪ್ರವೇಶ. ಮೈ ಮುಚ್ಚುವ ಬಟ್ಟೆ ಹಾಕಿಕೊಂಡು ಹೋಗಿ. ತಿಂದ ಭಾರ ಇಳಿಸಲು ಅಂಗಳದಲ್ಲಿ ಅರ್ಧ ಗಂಟೆ ಕೂತೆವು.

ಹೊರಗೆ ಬಂದ ಮೇಲೆ ಪರ್ಸಿಮನ್ ಹಣ್ಣಿನ ಕರಿದ ಬಿಲ್ಲೆ. ಹತ್ತಿರದ ಲಿಂಟಾಂಗ್‌ನ ಹಣ್ಣನ್ನು ಹಿಟ್ಟಿನ ಜೊತೆ ನಾದಿ, ಒಳಗೆ ಸಕ್ಕರೆ, ಎಳ್ಳು, ಅಕ್ರೋಟು ಇಟ್ಟು ಕಾವಲಿಯ ಎಣ್ಣೆಯಲ್ಲಿ ಬೇಯಿಸುತ್ತಾರೆ. ಹೂರಣ ಕೆಂಡದಂತೆ ಬಿಸಿ ಇರುತ್ತದೆ, ಎರಡು ನಿಮಿಷ ತಡೆಯಿರಿ. ಆರಿದ ಮೇಲೆ ರುಚಿ ಇಲ್ಲ, ಹೋಟೆಲಿಗೆ ಕಟ್ಟಿಸಿಕೊಂಡು ಹೋಗಬೇಡಿ.

ಈಗ ಗೈಡ್ ವಿಷಯ. ನಾಲ್ಕು ಗಂಟೆಯ ನಡಿಗೆಗೆ ತಲೆಗೆ ಕೆಲವು ನೂರು ಯುವಾನ್ ಆಗುತ್ತದೆ. ತಿಂಡಿಯ ದುಡ್ಡು ಅದರಲ್ಲೇ ಸೇರಿದೆಯಾ, ಗುಂಪಿನಲ್ಲಿ ಎಷ್ಟು ಜನ, ಯಾವ ಬೀದಿಗಳು ಎಂದು ಮೊದಲೇ ಕೇಳಿ. ಬರೀ ಬೇಯ್‌ಯುವಾನ್‌ಮೆನ್ ಎಂದರೆ ಬೇಡ. ಸಾಜಿನ್‌ಚ್ಯಾವ್ ಅಥವಾ ದಾಪಿಯುವಾನ್ ಇರಲಿ. ಎಂಟು ಜನಕ್ಕಿಂತ ಜಾಸ್ತಿ ಇದ್ದರೆ ಸಣ್ಣ ಅಂಗಡಿಗಳಲ್ಲಿ ಕೂರಲು ಜಾಗ ಸಿಗುವುದಿಲ್ಲ. ಅತ್ತಿಗೆಯಂಥವರು ಗುಂಪಿನ ಬದಲು ಇಬ್ಬರಿಗೇ ಒಬ್ಬ ಗೈಡ್ ಮಾಡಿಕೊಳ್ಳುವುದು ಒಳ್ಳೆಯದು. ಇಲ್ಲದಿದ್ದರೆ ಅರ್ಧ ಹೊತ್ತು ಉಳಿದವರು ತಿನ್ನುವುದನ್ನು ನೋಡುತ್ತಾ ನಿಲ್ಲಬೇಕು.

ನಮ್ಮವರಿಗೆ ವೀಸಾ ಮೊದಲೇ ಬೇಕು. ದುಡ್ಡು ಕೊಡಲು ಬಳಸುವ ಅಲಿಪೇ ಆಪ್ ಅನ್ನು ಊರಲ್ಲೇ ಹಾಕಿಕೊಂಡು, ಪಾಸ್‌ಪೋರ್ಟ್ ತೋರಿಸಿ, ವೀಸಾ ಕಾರ್ಡ್ ಅಥವಾ ಮಾಸ್ಟರ್‌ಕಾರ್ಡ್ ಜೋಡಿಸಿಕೊಳ್ಳಿ. ಕಾರ್ಡಿನಲ್ಲಿ ವಿದೇಶಿ ವಹಿವಾಟು ಆನ್ ಮಾಡಲು ಮರೆಯಬೇಡಿ. ತಳ್ಳುಗಾಡಿಯಲ್ಲೂ ಸ್ಕ್ಯಾನ್ ಮಾಡಿಯೇ ಕೊಡುವುದು. ಸ್ವಲ್ಪ ಚಿಲ್ಲರೆ ನೋಟೂ ಇರಲಿ. ಗೂಗಲ್, ವಾಟ್ಸಾಪ್ ಅಲ್ಲಿಯ ಇಂಟರ್ನೆಟ್‌ನಲ್ಲಿ ನಡೆಯುವುದಿಲ್ಲ, ರೋಮಿಂಗ್ ಸಿಮ್‌ನಲ್ಲಿ ನಡೆಯುತ್ತವೆ. ಬೀಜಿಂಗ್‌ನಿಂದ ವೇಗದ ರೈಲು ಐದು ಗಂಟೆಯ ಆಸುಪಾಸು, ಇಳಿಯುವುದು ಶಿಯಾನ್ ಉತ್ತರ ನಿಲ್ದಾಣದಲ್ಲಿ. ಅಲ್ಲಿಂದ ಮೆಟ್ರೋ 2ನೇ ಲೈನ್ ನೇರ ಊರ ನಡುವಿನ ಬೆಲ್ ಟವರ್‌ಗೆ ಬರುತ್ತದೆ. ಅಕ್ಟೋಬರ್ ಮೊದಲ ವಾರ ಅವರಿಗೆ ದೊಡ್ಡ ರಜೆ, ಆಗ ಹೋಗಲೇಬೇಡಿ. ನಾವು ಹೋದದ್ದು ಆ ತಿಂಗಳ ಕೊನೆಗೆ. ಹವೆ ತಂಪಾಗಿತ್ತು, ಪರ್ಸಿಮನ್, ದಾಳಿಂಬೆ ಎರಡೂ ಸಿಕ್ಕವು. ಟಿಶ್ಯೂ ಪೊಟ್ಟಣ ಜೇಬಲ್ಲಿರಲಿ, ಸಣ್ಣ ಅಂಗಡಿಗಳಲ್ಲಿ ಇಡುವುದಿಲ್ಲ. ಕುಡಿಯಲು ಬಿಸಿನೀರು ಕೇಳಿದರೆ ಎಲ್ಲಿ ಬೇಕಾದರೂ ಕೊಡುತ್ತಾರೆ.

ಅದೇ ಸಂಜೆ ಸಾಜಿನ್‌ಚ್ಯಾವ್‌ಗೆ ಮತ್ತೆ ಹೋದೆವು, ಈ ಸಲ ಗೈಡ್ ಇಲ್ಲದೆ. ಕುರಿ ಮಾಂಸವನ್ನು ಕಡ್ಡಿಗೆ ಚುಚ್ಚಿ ಕೆಂಡದ ಮೇಲೆ ಸುಡುತ್ತಿದ್ದರು. ಮೇಲೆ ಜೀರಿಗೆ, ಮೆಣಸಿನ ಪುಡಿ ಉದುರಿಸುವಾಗ ಏಳುವ ಹೊಗೆಯ ವಾಸನೆ ಬೀದಿಯ ತುದಿಯವರೆಗೂ ಬರುತ್ತದೆ. ನಾನು ಹತ್ತು ಕಡ್ಡಿ ತಿಂದೆ. ಬೆಳಿಗ್ಗೆಯ ಲ್ಯಾಂಗ್‌ಪಿ ಅಂಗಡಿಯಾಕೆ ನಮ್ಮ ಗುರುತು ಹಿಡಿದರು. ಅತ್ತಿಗೆ ಫೋನಿನ ಚೀಟಿ ತೋರಿಸಲು ಹೊರಟರೆ ಬೇಡ ಬೇಡ ಎಂದು ಕೈ ಆಡಿಸಿ, ತಾವೇ ಒಂದು ತಟ್ಟೆ ಕಲಸಿ ಅವರ ಮುಂದೆ ಇಟ್ಟರು.