ಕಣ್ಣಿಟ್ಟರೆ ಗೊತ್ತಾಗುವುದು ಎಷ್ಟು?

ನಾನು ಹೈಸ್ಕೂಲ್ ಹುಡುಗರ ಹಾಸ್ಟೆಲ್ ವಾರ್ಡನ್. ಮಗನನ್ನು ಸೇರಿಸಲು ಬಂದ ಅಪ್ಪ ಅಮ್ಮ ತಪ್ಪದೆ ಹೇಳುವ ಮಾತು: "ಸಾರ್, ಇವನ ಮೇಲೆ ಒಂದು ಕಣ್ಣಿಟ್ಟಿರಿ." ಗೇಟ್ ರಿಜಿಸ್ಟರ್, ಔಟ್‌ಪಾಸ್, ರಾತ್ರಿ ಹಾಜರಿ ಎಲ್ಲ ಇರುವುದೇ ಅದಕ್ಕೆ. ಅವು ಬೇಕೇ ಬೇಕು. ಆದರೆ ಹುಡುಗರ ವಿಷಯ ನಮಗೆ ನಿಜವಾಗಿ ತಿಳಿಯುವುದು ಎಲ್ಲಿಂದ? ಇದನ್ನು ನನಗೆ ಬಿಡಿಸಿ ತೋರಿಸಿದ್ದು ಸ್ವೀಡನ್ನಿನ ಮನೋವಿಜ್ಞಾನಿ ಹೋಕನ್ ಸ್ಟಾಟಿನ್ ಅವರ ಕೆಲಸ.

ಸ್ಟಾಟಿನ್ ಓರೆಬ್ರೋ ವಿಶ್ವವಿದ್ಯಾಲಯದಲ್ಲಿ ಪ್ರೊಫೆಸರ್ ಆಗಿದ್ದವರು. ಅದಕ್ಕೆ ಮೊದಲು ಇನ್ನೊಬ್ಬ ಮನೋವಿಜ್ಞಾನಿ ಡೇವಿಡ್ ಮಾಗ್ನುಸ್ಸನ್ ಜೊತೆ ದುಡಿದಿದ್ದರು. ಮಾಗ್ನುಸ್ಸನ್ 1960ರ ದಶಕದಲ್ಲಿ ಓರೆಬ್ರೋ ಊರಿನ ಸಾವಿರಕ್ಕೂ ಹೆಚ್ಚು ಶಾಲಾಮಕ್ಕಳ ಅಧ್ಯಯನ ಶುರುಮಾಡಿ, ಅವರು ದೊಡ್ಡವರಾಗುವ ತನಕ ಬಿಡದೆ ಮುಂದುವರಿಸಿದರು. ಆ ಅಧ್ಯಯನದಲ್ಲಿ, ಬೇಗ ಮೈನೆರೆದ ಹುಡುಗಿಯರಲ್ಲಿ 14-15ರ ವಯಸ್ಸಿಗೆ ಕುಡಿತ, ಶಾಲೆಗೆ ಚಕ್ಕರ್ ಹೊಡೆಯುವುದು ಜಾಸ್ತಿ ಕಂಡುಬಂತು. ಅದಕ್ಕೆ ಬಹುಮಟ್ಟಿಗೆ ಕಾರಣ ತಮಗಿಂತ ದೊಡ್ಡವರ ಸಹವಾಸ. ದೊಡ್ಡವರಾದ ಮೇಲೆ ಕುಡಿತದ ವ್ಯತ್ಯಾಸ ಹೋಯಿತು. ಓದು ಮಾತ್ರ ಹಿಂದೆಯೇ ಉಳಿಯಿತು.

ನನ್ನ ಕೆಲಸಕ್ಕೆ ಹತ್ತಿರವಾದದ್ದು 2000ದ ಅಧ್ಯಯನ. ಸ್ಟಾಟಿನ್ ಮತ್ತು ಅವರ ಸಹೋದ್ಯೋಗಿ ಮಾರ್ಗರೆಟ್ ಕೆರ್ ಮಧ್ಯ ಸ್ವೀಡನ್ನಿನ 14 ವರ್ಷದ 703 ಮಕ್ಕಳನ್ನೂ ಅವರ ತಂದೆತಾಯಿಯರನ್ನೂ ಕೇಳಿದರು. ಅಲ್ಲಿಯವರೆಗೆ, ನಿಗಾ ಇಟ್ಟರೆ ಮಕ್ಕಳು ದಾರಿ ತಪ್ಪುವುದಿಲ್ಲ ಎಂದು ಎಲ್ಲರೂ ಹೇಳುತ್ತಿದ್ದರು. ಸ್ಟಾಟಿನ್ ಹಳೆಯ ಪ್ರಶ್ನೆಗಳನ್ನೇ ತೆಗೆದು ನೋಡಿದರು. ಮಗು ಯಾರ ಜೊತೆ ಇರುತ್ತದೆ, ದುಡ್ಡು ಎಲ್ಲಿ ಖರ್ಚು ಮಾಡುತ್ತದೆ, ಅದು ಹೆತ್ತವರಿಗೆ "ಗೊತ್ತಾ" ಅಂತ ಅಲ್ಲಿ ಕೇಳಿದ್ದರು. ಹೇಗೆ ಗೊತ್ತಾಯಿತು ಅಂತ ಕೇಳಿರಲಿಲ್ಲ! ಅದನ್ನು ಕೇಳಿದಾಗ ಮೂರು ದಾರಿ ಸಿಕ್ಕವು: ಹೆತ್ತವರು ವಿಚಾರಿಸುವುದು, ಕಟ್ಟುಪಾಡು ಹಾಕುವುದು, ಮಗು ತಾನಾಗಿಯೇ ಬಂದು ಹೇಳುವುದು. ಗೊತ್ತಿದ್ದದ್ದರಲ್ಲಿ ಹೆಚ್ಚಿನದು ಬಂದದ್ದು ಮೂರನೆಯ ದಾರಿಯಿಂದ.

ಇದನ್ನು ಓದಿದಾಗ ನನ್ನ ಕೆಲಸವೇ ಬೇರೆ ಥರ ಕಂಡಿತು. ಅಲ್ವಾ ಮತ್ತೆ? ಹುಡುಗ ಗೇಟ್ ದಾಟಿದ ಹೊತ್ತು ರಿಜಿಸ್ಟರ್‌ನಲ್ಲಿ ಇರುತ್ತದೆ. ದಾಟಿದ ಮೇಲೆ ಏನಾಯಿತು ಅನ್ನುವುದು ಅವನ ಹತ್ತಿರ ಮಾತ್ರ ಇರುತ್ತದೆ.

ಒಂದು ಸಂಜೆ ನಾನು ರೇಷನ್ ಪುಸ್ತಕ ಬರೆಯುತ್ತಿದ್ದೆ. ಒಂಬತ್ತನೇ ಕ್ಲಾಸಿನ ಹುಡುಗನೊಬ್ಬ ಬಂದು ಮೇಜಿನ ಅಂಚು ಉಜ್ಜುತ್ತಾ ನಿಂತ. "ಸಾರ್, ನಿನ್ನೆ ಸ್ಕೂಲ್ ಬಿಟ್ಟ ಮೇಲೆ ಸೀದಾ ಬರಲಿಲ್ಲ. ಬಸ್‌ಸ್ಟ್ಯಾಂಡ್ ಹತ್ರ ಐಟಿಐ ಹುಡುಗರ ಜೊತೆ ಇದ್ದೆ." ಪೆನ್ನು ಕೆಳಗಿಟ್ಟೆ. "ಕೂತ್ಕೊ. ಯಾರಪ್ಪಾ ಅವರು, ನಿಮ್ಮ ಊರಿನವರಾ?" ಅಂದೆ. ಅವರು ಇವನ ಕೈಲಿ ಸಿಗರೇಟು ತರಿಸುತ್ತಿದ್ದರು. ದುಡ್ಡೂ ಇವನದೇ. ಬೇಡ ಅನ್ನಲು ಹೆದರಿಕೆ. ಹೇಳುತ್ತಾ ಹೇಳುತ್ತಾ ಅತ್ತುಬಿಟ್ಟ. ಮರುದಿನದಿಂದ ಅವನು ನಮ್ಮ ಹತ್ತನೇ ಕ್ಲಾಸಿನ ಹುಡುಗರ ಗುಂಪಿನಲ್ಲೇ ಬರುವಂತೆ ಮಾಡಿದೆ. ಇಂಥ ಸುದ್ದಿ ಯಾವ ಸಿಸಿಟಿವಿಯಲ್ಲಿ ಸಿಗುತ್ತದೆ ಹೇಳಿ.

ಓರೆಬ್ರೋ ತಂಡ 2010ರಲ್ಲಿ ಇನ್ನೊಂದು ವಿಷಯ ತೋರಿಸಿತು. ಹೇಳಿಕೊಂಡಾಗ ಹೆತ್ತವರು ಸಿಡುಕಿದರೆ, ಆಡಿಕೊಂಡು ನಕ್ಕರೆ, ಮಕ್ಕಳು ಮುಂದೆ ಹೇಳುವುದು ಕಡಿಮೆಯಾಗಿ ಮುಚ್ಚಿಡುವುದು ಜಾಸ್ತಿಯಾಗುತ್ತದೆ. ಅದಕ್ಕೇ ಹೊಸದಾಗಿ ಬಂದ ವಾರ್ಡನ್‌ಗಳಿಗೆ ನಾನು ಹೇಳುವುದು: ಹುಡುಗ ಬಾಯಿಬಿಟ್ಟ ಕೂಡಲೇ ಬೈಗುಳ ಬೇಡ. ಅವನು ಒಬ್ಬನೇ ಬಂದು ಹೇಳಿದ್ದನ್ನು ಪ್ರಾರ್ಥನೆ ಹೊತ್ತಲ್ಲಿ ಎಲ್ಲರೆದುರು ಎತ್ತಬೇಡಿ. ನಿಯಮ ಮುರಿದಿದ್ದರೆ ಶಿಕ್ಷೆ ಇರಲಿ, ಆದರೆ ಪೂರ್ತಿ ಕೇಳಿದ ಮೇಲೆ. ಹೊಡೆತ, ರ‍್ಯಾಗಿಂಗ್, ಮೈಮುಟ್ಟಿದ ವಿಷಯವಾದರೆ ಗುಟ್ಟಾಗಿ ಇಡಲು ಆಗುವುದಿಲ್ಲ. ಆಗಲೂ ಯಾರಿಗೆ ತಿಳಿಸುತ್ತೇನೆ, ಯಾಕೆ ತಿಳಿಸುತ್ತೇನೆ ಅನ್ನುವುದನ್ನು ಮೊದಲು ಅವನಿಗೇ ಹೇಳಿ, ಆಮೇಲೆ ಫೋನ್ ಎತ್ತಿಕೊಳ್ಳುತ್ತೇನೆ.