ಜೊಂಡಿನ ಮೇಲೆ ಊರು ಕಟ್ಟಿದವರು

ಪುನೋದಲ್ಲಿ ಇಳಿದವರಿಗೆ ಮೊದಲು ಕೈಕೊಡುವುದು ಉಸಿರು. ಪೆರು ದೇಶದ ದಕ್ಷಿಣಕ್ಕೆ, ಆಂಡಿಸ್ ಪರ್ವತಗಳ ನಡುವಿನ ಎತ್ತರದ ಬಯಲಿನಲ್ಲಿ ಈ ಊರಿದೆ. ಸಮುದ್ರಮಟ್ಟದಿಂದ 3,800 ಮೀಟರ್‌ಗೂ ಜಾಸ್ತಿ ಎತ್ತರ. ಕಡಲತೀರದಲ್ಲಿ ಸಿಗುವ ಆಮ್ಲಜನಕದಲ್ಲಿ ಸುಮಾರು ಮೂರನೇ ಒಂದು ಪಾಲು ಇಲ್ಲಿ ಖೋತಾ. ಹೋಟೆಲಿನ ಮೆಟ್ಟಿಲು ಹತ್ತುವಷ್ಟರಲ್ಲಿ ಏದುಸಿರು ಬಂತು, ತಲೆಯೊಳಗೆ ಸಣ್ಣಗೆ ಸುತ್ತಿಗೆ ಬಡಿತ. ಅಲ್ಲಿಯವರು ಇದನ್ನು ‘ಸೊರೋಚೆ’ ಅನ್ನುತ್ತಾರೆ. ಕೋಕಾ ಎಲೆ ಹಾಕಿದ ಬಿಸಿನೀರು ಕುಡಿದು ಬಿದ್ದುಕೊಳ್ಳುವುದೇ ಔಷಧ.

ಊರಿನ ಮುಂದೆಯೇ ಟಿಟಿಕಾಕಾ ಸರೋವರ. ಎಂಟು ಸಾವಿರ ಚದರ ಕಿಲೋಮೀಟರ್ ಮೀರಿದ ನೀರು. ಒಂದು ಪಾಲು ಪೆರುವಿನದು, ಇನ್ನೊಂದು ಬೊಲಿವಿಯಾದ್ದು. ಬೆಳಗ್ಗೆ ದೋಣಿ ಹತ್ತಿದರೆ, ಆಳೆತ್ತರದ ಜೊಂಡಿನ ನಡುವೆ ಬಿಟ್ಟಿರುವ ಕಾಲುವೆಯಲ್ಲಿ ಸಾಗಿ, ಅರ್ಧ ಗಂಟೆಯೊಳಗೆ ಉರೋಸ್ ಜನರ ದ್ವೀಪಗಳ ನಡುವೆ ಇರುತ್ತೀರಿ. ದ್ವೀಪ ಅಂದರೆ ಮಣ್ಣಲ್ಲ, ಬಂಡೆಯಲ್ಲ. ಎಲ್ಲವೂ ಜೊಂಡು, ಎಲ್ಲವೂ ತೇಲುತ್ತಿದೆ.

ದೋಣಿಯಿಂದ ಕಾಲಿಟ್ಟಾಗ ದಪ್ಪ ಹಾಸಿಗೆ ಮೇಲೆ ನಿಂತ ಹಾಗಾಯಿತು. ಪಾದ ಒಂದಿಷ್ಟು ಒಳಗಿಳಿಯಿತು, ಆಮೇಲೆ ತಡೆಯಿತು. ದೊಡ್ಡ ದೋಣಿಯೊಂದು ಪಕ್ಕದಲ್ಲಿ ಹಾದುಹೋದರೆ ಇಡೀ ಅಂಗಳ ನಿಧಾನಕ್ಕೆ ಮೇಲೆದ್ದು ಕೆಳಗಿಳಿಯುತ್ತದೆ. ಮನೆಯ ಮುಂದೆ ಕೂತು ಕಸೂತಿ ಹಾಕುತ್ತಿದ್ದ ಹೆಂಗಸರಿಗೆ ಅದರ ಪರಿವೆಯೇ ಇಲ್ಲ. ‘ಕಮಿಸರಾಕಿ’ ಅಂದೆವು, ಹೇಗಿದ್ದೀರಿ ಅಂತ. ‘ವಾಲಿಕಿ’ ಅಂದರು, ಚೆನ್ನಾಗಿದ್ದೇವೆ ಅಂತ. ಇದು ಐಮಾರಾ ಭಾಷೆ. ಉರೋಸ್ ಜನರ ಹಳೆಯ ನುಡಿ ಇಲ್ಲಿ ಹೆಚ್ಚುಕಡಿಮೆ ಅಳಿದೇ ಹೋಗಿದೆ.

ದ್ವೀಪದ ಮುಖ್ಯಸ್ಥರನ್ನು ಎಲ್ಲರೂ ಅಧ್ಯಕ್ಷ ಅಂತಲೇ ಕರೆಯುತ್ತಾರೆ. ಪ್ರತಿ ದ್ವೀಪಕ್ಕೂ ಒಬ್ಬರು ಅಧ್ಯಕ್ಷರಿದ್ದಾರೆ, ಕೆಲವು ಕಡೆ ಕೆಲವೇ ಸಂಸಾರಗಳಿಗೆ ಒಬ್ಬರು! ನಮ್ಮ ಅಧ್ಯಕ್ಷರು ಚಾಪೆ ಮೇಲೆ ಪುಟಾಣಿ ದ್ವೀಪವೊಂದನ್ನು ಜೋಡಿಸಿ ತೋರಿಸಿದರು. ‘ತೊತೊರಾ’ ಅನ್ನುವ ಈ ಜೊಂಡಿನ ಬೇರುಗಳು ಹೆಣೆದುಕೊಂಡು ದಪ್ಪನೆಯ ಗಡ್ಡೆಯಾಗುತ್ತವೆ. ಅದಕ್ಕೆ ‘ಖಿಲಿ’ ಅನ್ನುತ್ತಾರೆ. ಕೊಳೆಯುವಾಗ ಹುಟ್ಟುವ ಗಾಳಿ ಒಳಗೇ ಸಿಕ್ಕಿಕೊಳ್ಳುವುದರಿಂದ ಅದು ಮುಳುಗುವುದಿಲ್ಲ. ಮಳೆಗಾಲದಲ್ಲಿ ನೀರು ಏರಿದಾಗ ಈ ಗಡ್ಡೆ ತಳ ಬಿಟ್ಟು ಮೇಲೆ ಬರುತ್ತದೆ. ಉದ್ದನೆಯ ಗರಗಸದಲ್ಲಿ ಅದನ್ನು ಚೌಕ ಚೌಕವಾಗಿ ಕೊಯ್ದು ದೋಣಿಗೆ ಕಟ್ಟಿ ಎಳೆದು ತರುತ್ತಾರೆ. ಪ್ರತಿ ತುಂಡಿಗೂ ನೀಲಗಿರಿ ಗೂಟ ಹೊಡೆದು, ಒಂದಕ್ಕೊಂದು ಹಗ್ಗ ಬಿಗಿಯುತ್ತಾರೆ. ಕಾಲಕ್ರಮೇಣ ಬೇರುಗಳು ತಾವೇ ಒಂದಕ್ಕೊಂದು ಕೂಡಿಕೊಳ್ಳುತ್ತವೆ. ಅದರ ಮೇಲೆ ಜೊಂಡನ್ನು ಒಂದು ಪದರ ಅಡ್ಡ, ಒಂದು ಪದರ ಉದ್ದ ಹಾಸುತ್ತಾ ಹೋಗುತ್ತಾರೆ. ಕೊನೆಗೆ ಸರೋವರದ ತಳಕ್ಕೆ ಉದ್ದನೆಯ ಗೂಟ ನೆಟ್ಟು ದ್ವೀಪವನ್ನೇ ಕಟ್ಟಿಹಾಕಬೇಕು. ಇಲ್ಲದಿದ್ದರೆ ಬೆಳಗ್ಗೆ ಎದ್ದಾಗ ಬೊಲಿವಿಯಾದಲ್ಲಿರುತ್ತೇವೆ, ನಮ್ಮ ಹತ್ತಿರ ಪಾಸ್‌ಪೋರ್ಟ್ ಇಲ್ಲವಲ್ಲ ಅಂದರು. ಬಂದವರಿಗೆಲ್ಲ ಹೇಳುವ ಜೋಕು ಅಂತ ಗೊತ್ತಾಯಿತು. ಆದರೂ ನಗು ಬಂತು.

ಕಟ್ಟಿದ ಮಾತ್ರಕ್ಕೆ ಮುಗಿಯುವುದಿಲ್ಲ. ಕೆಳಗಿನ ಜೊಂಡು ನೀರಿನಲ್ಲಿ ಕೊಳೆಯುತ್ತಲೇ ಇರುತ್ತದೆ. ಕೆಲವು ವಾರಕ್ಕೊಮ್ಮೆ ಮೇಲೆ ಹೊಸ ಪದರ ಬೀಳಲೇಬೇಕು, ಮಳೆಗಾಲದಲ್ಲಂತೂ ಇನ್ನೂ ಬೇಗ. ಹಾಸುವಾಗ ಮನೆಗಳನ್ನೂ ಎತ್ತಿ, ಅವುಗಳ ಕೆಳಗೆ ಜೊಂಡು ತುಂಬಿ ಮತ್ತೆ ಕೂರಿಸುತ್ತಾರೆ. ಜೊಂಡಿನ ಮನೆ ಹಗುರ, ನಾಲ್ಕು ಜನ ಕೈಹಾಕಿದರೆ ಸಾಕು. ಒಲೆ ಮಾತ್ರ ಮಣ್ಣಿನದು, ಕಲ್ಲಿನ ಚಪ್ಪಡಿ ಮೇಲೆ ಕೂತಿರುತ್ತದೆ. ಸುತ್ತ ಒಣಹುಲ್ಲು, ಕಿಡಿ ಹಾರಿದರೆ ಊರೇ ಹೋಯಿತು.

ಆ ಗರಗಸಕ್ಕೆ ಇನ್ನೊಂದು ಕೆಲಸವೂ ಇದೆಯಂತೆ. ಎರಡು ಮನೆಗಳ ನಡುವೆ ಜಗಳ ಬಗೆಹರಿಯದಿದ್ದರೆ ದ್ವೀಪವನ್ನೇ ಕೊಯ್ದು, ಅವರ ಪಾಲನ್ನು ತೇಲಿಬಿಡುತ್ತಾರೆ. ಕೋರ್ಟು, ಅಮೀನ, ಸರ್ವೆ ಏನೂ ಬೇಡ.

ಜೊಂಡಿನ ಬುಡದ ಬಿಳಿ ಭಾಗವನ್ನು ಸುಲಿದು ತಿನ್ನಲು ಕೊಟ್ಟರು. ನೀರು ನೀರು, ರುಚಿ ಅಷ್ಟಕ್ಕಷ್ಟೇ. ಮಕ್ಕಳು ಮಾತ್ರ ಒಂದರ ಮೇಲೊಂದು ಸುಲಿಯುತ್ತಿದ್ದರು. ಊಟಕ್ಕೆ ಟ್ರೌಟ್ ಮೀನು. ಅದು ಈ ಸರೋವರದ್ದಲ್ಲ. 1940ರ ದಶಕದ ಹೊತ್ತಿಗೆ ಹೊರಗಿಂದ ತಂದು ಬಿಟ್ಟಿದ್ದು. ಅದು ಬಂದಮೇಲೆ ಇಲ್ಲಿಯದೇ ಆದ ಸಣ್ಣ ಮೀನುಗಳಿಗೆ ಕುತ್ತು ಬಂತು.

ಇದೆಲ್ಲಾ ಪ್ರವಾಸಿಗರಿಗಾಗಿ ಹೂಡಿದ ನಾಟಕ ಅಂತ ನಮ್ಮ ದೋಣಿಯಲ್ಲೇ ಒಬ್ಬರು ಗೊಣಗಿದರು. ಪೂರ್ತಿ ಸುಳ್ಳಲ್ಲ. ಬಣ್ಣಬಣ್ಣದ ಲಂಗ ತೊಟ್ಟು ಹಾಡಿ ಕಳಿಸುತ್ತಾರೆ. ಪೂಮಾ ಅನ್ನುವ ಕಾಡುಪ್ರಾಣಿಯ ಮುಖದ ಜೊಂಡಿನ ದೋಣಿಯಲ್ಲಿ ಒಂದು ಸುತ್ತು ಹೋಗಲು ಬೇರೆ ದುಡ್ಡು. ಆ ದೋಣಿಗಳ ಹೊಟ್ಟೆಯಲ್ಲಿ ಈಗ ಖಾಲಿ ಪ್ಲಾಸ್ಟಿಕ್ ಬಾಟಲಿ ತುಂಬಿರುತ್ತದೆ, ಬೇಗ ಕೊಳೆಯದಿರಲಿ ಅಂತ. ಮೊದಲು ದ್ವೀಪಗಳು ಸರೋವರದ ಇನ್ನೂ ಒಳಗಿದ್ದವು. 1986ರ ದೊಡ್ಡ ನೆರೆಯ ನಂತರ ಬಹಳಷ್ಟು ಜನ ದಡದ ಹತ್ತಿರಕ್ಕೆ ಸರಿದರು, ಪ್ರವಾಸಿಗರೂ ಕೈಗೆ ಸಿಕ್ಕರು. ಆದರೆ ನಾಟಕದವರು ಆಟ ಮುಗಿದ ಮೇಲೆ ವೇಷ ಕಳಚಿ ಮನೆಗೆ ಹೋಗುತ್ತಾರೆ ಅಲ್ವಾ? ಇವರಿಗೆ ನಾವು ಬರಲಿ ಬಿಡಲಿ, ಜೊಂಡು ಕೊಯ್ಯುವುದು ತಪ್ಪುವುದಿಲ್ಲ. ಕಸೂತಿ ಬಟ್ಟೆ ಮಾರಿದ ದುಡ್ಡಿನಲ್ಲಿ ದೋಣಿಯ ಎಂಜಿನ್‌ಗೆ ಪೆಟ್ರೋಲು ಬರುತ್ತದೆ, ಸೂರಿನ ಪಕ್ಕದ ಸೋಲಾರ್ ಫಲಕಕ್ಕೆ ಹೊಸ ಬ್ಯಾಟರಿ ಬರುತ್ತದೆ. ಅದಕ್ಕೆ ಮುಖ ಸಿಂಡರಿಸಲು ನನಗಂತೂ ಕಾರಣ ಕಾಣಲಿಲ್ಲ.

ಹೋಗುವ ಮನಸ್ಸಿದ್ದರೆ ಒಂದು ಮಾತು. ಬೆಳಗ್ಗೆ ಹೋಗಿ ಮಧ್ಯಾಹ್ನ ತಿರುಗಿ ಬರುವ ಬದಲು ರಾತ್ರಿ ಅಲ್ಲೇ ಉಳಿಯಿರಿ. ಕೆಲವು ಸಂಸಾರಗಳು ಕೋಣೆ ಬಾಡಿಗೆಗೆ ಕೊಡುತ್ತವೆ. ಸಂಜೆ ಪ್ರವಾಸಿ ದೋಣಿಗಳು ಖಾಲಿಯಾದ ಮೇಲೆ ಬಲೆ ಬಿಡಲು ಹೊರಡುತ್ತಾರೆ, ಕೇಳಿದರೆ ಕರೆದುಕೊಂಡೂ ಹೋಗುತ್ತಾರೆ. ಮೇ ತಿಂಗಳಿಂದ ಮಳೆಯ ಕಾಟ ಕಡಿಮೆ. ಆದರೆ ಜೂನ್, ಜುಲೈ ಅಲ್ಲಿ ಚಳಿಗಾಲ. ಹಗಲು ಬಿಸಿಲು ಮುಖ ಸುಡುತ್ತದೆ, ರಾತ್ರಿ ಸೊನ್ನೆಗಿಂತ ಕೆಳಗೂ ಇಳಿಯುತ್ತದೆ. ಟೋಪಿ, ದಪ್ಪ ಸಾಕ್ಸ್ ಇರಲಿ. ಮುಖ್ಯವಾಗಿ ಪುನೋದಲ್ಲಿ ಮೊದಲೇ ಒಂದೆರಡು ದಿನ ಸುಮ್ನೆ ಅಡ್ಡಾಡಿ, ಎತ್ತರಕ್ಕೆ ಮೈ ಒಗ್ಗಲು ಬಿಡಿ.