ಕಲಬುರಗಿಯಿಂದ ಒಂದೇ ದಿನದಲ್ಲಿ ವೈನ್ ತೋಟ ನೋಡಿ ಬರಲು ಆಗುತ್ತದೆಯೇ?

‘ನಾಸಿಕ್ ವೈನ್ ತೋಟ ಒಂದೇ ದಿನ್ದಾಗ ನೋಡ್ಕೊಂಡ್ ಬರ್ಲಾಕ್ ಆಗ್ತದೇನ್ರಿ? ಗಾಡಿ ನಾವೇ ಮಾಡ್ಕೊಂಡ್ ಹೋಗ್ತೀವಿ.’ ಡಿಸೆಂಬರ್ ಬಂತೆಂದರೆ ಕಲಬುರಗಿ, ಬೀದರ್, ಯಾದಗಿರಿ ಮೂರೂ ಕಡೆಯಿಂದ ಈ ಪ್ರಶ್ನೆ ಬರುತ್ತದೆ. ನಮ್ಮ ಉತ್ತರ ಹೀಗಿದೆ. ಬೆಳಿಗ್ಗೆ ಕಾರು ಹತ್ತಿ ರಾತ್ರಿ ಮನೆಗೆ ಮರಳುವ ಲೆಕ್ಕದಲ್ಲಿ ನಾಸಿಕ್ ಆಗುವುದಿಲ್ಲ. ಹೋಗುವ ದಾರಿಯೇ ಐನೂರು ಕಿಲೋಮೀಟರಿಗೂ ಹೆಚ್ಚು. ಎರಡು ರಾತ್ರಿ ರೈಲಿನಲ್ಲಿ ಮಲಗಿ ನಡುವಿನ ಹಗಲು ಅಲ್ಲಿ ಕಳೆಯುವುದಾದರೆ ಆಗುತ್ತದೆ. ನಿಜವಾಗಿಯೂ ಒಂದೇ ದಿನ ಇರುವವರಿಗೆ ನಾಸಿಕ್‌ಗಿಂತ ಹತ್ತಿರದ ಜಾಗವೊಂದಿದೆ, ಸೊಲ್ಲಾಪುರ ಜಿಲ್ಲೆಯ ಅಕಲೂಜ್ ಸೀಮೆ. ಅದರ ಹೆಸರು ಬಹಳ ಜನಕ್ಕೆ ಗೊತ್ತಿಲ್ಲ, ಹಾಗಾಗಿ ಮೊದಲು ಅದನ್ನೇ ಹೇಳುತ್ತೇವೆ.

ಅಕಲೂಜ್ ಬಳಿಯ ಮೋಟೆವಾಡಿಯಲ್ಲಿ ಫ್ರಾಟೆಲ್ಲಿ ಕಂಪನಿಯ ತೋಟ ಮತ್ತು ವೈನರಿ ಇದೆ. ಇಟಾಲಿಯನ್ ಭಾಷೆಯಲ್ಲಿ ಫ್ರಾಟೆಲ್ಲಿ ಅಂದರೆ ಅಣ್ಣತಮ್ಮಂದಿರು. ಇಟಲಿಯ ಸೆಚ್ಚಿ, ದೆಹಲಿಯ ಸೇಖ್ರಿ, ಅಕಲೂಜಿನ ಮೋಹಿತೆ ಪಾಟೀಲ ಮನೆತನಗಳ ಸಹೋದರರು ಸೇರಿ ಕಟ್ಟಿದ ಕಂಪನಿಯಾದ್ದರಿಂದ ಆ ಹೆಸರು. ಅಕಲೂಜ್ ಬಳಿ ಹರಿಯುವ ನೀರಾ ನದಿ ನರಸಿಂಗಪುರದಲ್ಲಿ ಭೀಮೆಗೆ ಸೇರುತ್ತದೆ. ಅದೇ ಭೀಮೆ ಪಂಢರಪುರ ದಾಟಿ ನಮ್ಮ ಗಾಣಗಾಪುರಕ್ಕೆ ಬರುತ್ತಾಳೆ. ನಮ್ಮವರು ಅದನ್ನು ದೂರದ ಊರೆಂದು ತಿಳಿಯಬೇಕಾಗಿಲ್ಲ.

ಕಲಬುರಗಿಯಿಂದ ಅಕ್ಕಲಕೋಟೆ, ಸೊಲ್ಲಾಪುರ, ಪಂಢರಪುರ ಹಾದಿ ಹಿಡಿದರೆ ಮೋಟೆವಾಡಿಗೆ ಸುಮಾರು 240ರಿಂದ 250 ಕಿ.ಮೀ. ಸೊಲ್ಲಾಪುರದವರೆಗೆ ಎರಡೂವರೆ ಗಂಟೆ, ಅಲ್ಲಿಂದ ಮುಂದೆ ಇನ್ನು ಎರಡೂವರೆಯಿಂದ ಮೂರು ಗಂಟೆ. ಬೆಳಿಗ್ಗೆ ಐದಕ್ಕೆ ಹೊರಟರೆ ಹನ್ನೊಂದರೊಳಗೆ ತಲುಪಬಹುದು. ವಾಪಸು ಮಧ್ಯಾಹ್ನ ಮೂರಕ್ಕೆ ಹೊರಡಲೇಬೇಕು. ಈ ಮೂರು ಗಂಟೆ ಎಂಬ ಗೆರೆಯನ್ನು ನಾವು ಒತ್ತಿ ಹೇಳುವುದಕ್ಕೆ ಕಾರಣ ಕಬ್ಬು. ನವೆಂಬರಿನಿಂದ ಮಾರ್ಚ್‌ವರೆಗೆ ಸೊಲ್ಲಾಪುರ ಜಿಲ್ಲೆಯ ಸಕ್ಕರೆ ಕಾರ್ಖಾನೆಗಳು ನುರಿಸುತ್ತಿರುತ್ತವೆ. ಒಂದು ಟ್ರ್ಯಾಕ್ಟರಿಗೆ ಎರಡು ಟ್ರೇಲರ್ ಕಟ್ಟಿ, ರಸ್ತೆಯ ಅಗಲಕ್ಕೆ ಕಬ್ಬು ಚಾಚಿಕೊಂಡು ಸಾಲುಸಾಲಾಗಿ ಹೋಗುತ್ತವೆ. ಅನೇಕ ಟ್ರೇಲರ್‌ಗಳಿಗೆ ಹಿಂದಿನ ದೀಪ ಇರುವುದಿಲ್ಲ. ಕತ್ತಲಲ್ಲಿ ಎದುರಿನ ಗಾಡಿಯ ಲೈಟು ಕಣ್ಣಿಗೆ ಹೊಡೆದಾಗ ಮುಂದಿರುವ ಟ್ರೇಲರ್ ಕಾಣುವುದೇ ಇಲ್ಲ. ಆದ್ದರಿಂದ ಹೋಗುವಾಗ ಸೊಲ್ಲಾಪುರ ದಾಟುವ ಹೊತ್ತಿಗೆ ಬೆಳಕಾಗಿರಬೇಕು, ಬರುವಾಗ ಸೂರ್ಯ ಮುಳುಗುವ ಮೊದಲು ಸೊಲ್ಲಾಪುರ ಸೇರಿರಬೇಕು. ಉಳಿದ ಸಮಯವನ್ನೆಲ್ಲ ಈ ಎರಡು ಗುರುತುಗಳ ನಡುವೆ ಹೊಂದಿಸಿಕೊಳ್ಳಿ.

ಬೀದರಿನಿಂದ ಹುಮನಾಬಾದ ಮೇಲೆ, ಯಾದಗಿರಿಯಿಂದ ಕಲಬುರಗಿ ಮೇಲೆ ಹೋದರೂ ಒಂದು ಕಡೆಯ ದಾರಿ 320 ಕಿ.ಮೀ. ದಾಟುತ್ತದೆ. ಒಬ್ಬ ಡ್ರೈವರ್ ದಿನಕ್ಕೆ ಹದಿಮೂರು ಹದಿನಾಲ್ಕು ಗಂಟೆ ಸ್ಟಿಯರಿಂಗ್ ಹಿಡಿಯುವುದು ತಪ್ಪು. ಈ ಎರಡು ಊರಿನವರು ಹಿಂದಿನ ಸಂಜೆಯೇ ಸೊಲ್ಲಾಪುರಕ್ಕೆ ಬಂದು ಮಲಗಲಿ.

ಇನ್ನು ನಾಸಿಕ್. ಕಲಬುರಗಿಯವರು ಸಂಜೆ ಅಥವಾ ರಾತ್ರಿ ಮುಂಬೈ ಕಡೆಯ ರೈಲು ಹತ್ತಬಹುದು. ಇಲ್ಲವೆ ಸೊಲ್ಲಾಪುರಕ್ಕೆ ಹೋಗಿ ಅಲ್ಲಿಂದ ರಾತ್ರಿ ಹೊರಡುವ ಸಿದ್ಧೇಶ್ವರ ಎಕ್ಸ್‌ಪ್ರೆಸ್ ಹಿಡಿಯಬಹುದು. ಮುಂಬೈವರೆಗೆ ಹೋಗಬೇಕಿಲ್ಲ, ಬೆಳಗಿನ ಜಾವ ಕಲ್ಯಾಣದಲ್ಲಿ ಇಳಿಯಿರಿ. ಅಲ್ಲಿಂದ ನಾಸಿಕ್ ರೋಡ್ ಸ್ಟೇಷನ್‌ಗೆ ಉತ್ತರ ಭಾರತದ ಕಡೆ ಹೋಗುವ ರೈಲುಗಳು ಸಿಗುತ್ತವೆ. ಕಾರಿನಲ್ಲಾದರೆ ಕಸಾರಾ ಘಾಟ್, ಇಗತಪುರಿ ಮೇಲೆ ಸುಮಾರು 130 ಕಿ.ಮೀ. ನಾವು ರೈಲನ್ನೇ ಹೇಳುತ್ತೇವೆ. ನಾಸಿಕ್‌ನಲ್ಲಿ ಇಳಿದು ಅಲ್ಲಿಯದೇ ಗಾಡಿ ಹಿಡಿದರೆ ಡ್ರೈವರಿಗೆ ದಾರಿ ಗೊತ್ತಿರುತ್ತದೆ, ಗಡಿಯ ಪರ್ಮಿಟ್ ತಾಪತ್ರಯವೂ ಇಲ್ಲ. ಬೀದರಿನವರಿಗೆ ಇನ್ನೊಂದು ಅನುಕೂಲವಿದೆ. ಭಾಲ್ಕಿ, ಉದಗೀರ, ಪರಳಿ, ಔರಂಗಾಬಾದ್ (ಈಗ ಛತ್ರಪತಿ ಸಂಭಾಜಿನಗರ) ಮೇಲೆ ಶಿರಡಿಗೆ ಹೋಗುವ ರೈಲು ಬೀದರಿನಲ್ಲಿ ನಿಲ್ಲುತ್ತದೆ. ಶಿರಡಿಯಿಂದ ನಾಸಿಕ್‌ಗೆ ಸುಮಾರು 90 ಕಿ.ಮೀ. ಬಾಬಾ ದರ್ಶನ ಮಾಡಿ ಮರುದಿನ ನಾಸಿಕ್ ಇಟ್ಟುಕೊಂಡರೆ ಪ್ರವಾಸ ಹಗುರವಾಗುತ್ತದೆ. ತ್ರ್ಯಂಬಕೇಶ್ವರವೂ ಆಗಬೇಕೆಂದರೆ ಬೆಳಿಗ್ಗೆಯೇ ಅದನ್ನು ಮುಗಿಸಿ ಆಮೇಲೆ ತೋಟಕ್ಕೆ ಹೋಗಿ. ಕುಡಿದ ಬಾಯಲ್ಲಿ ದೇವಸ್ಥಾನದ ಸಾಲಿನಲ್ಲಿ ನಿಲ್ಲುವುದು ಸಲ್ಲದು. 2027ರ ಸಿಂಹಸ್ಥ ಕುಂಭಮೇಳದ ಸ್ನಾನದ ದಿನಗಳಲ್ಲಂತೂ ಆ ಕಡೆ ಈ ಕೆಲಸಕ್ಕೆ ಹೋಗಲೇಬೇಡಿ.

ನಾಸಿಕ್‌ನಲ್ಲಿ ಹೆಚ್ಚು ಜನ ಹೋಗುವುದು ಗಂಗಾಪುರ ಅಣೆಕಟ್ಟಿನ ಸುತ್ತಿನ ವೈನರಿಗಳಿಗೆ. ರಾಜೀವ್ ಸಾಮಂತ್ ಕಟ್ಟಿದ ಸುಲಾ ಅಲ್ಲಿದೆ. ಅದರ ಮೊದಲ ವೈನ್ ಬಂದದ್ದು 2000ದಲ್ಲಿ. ಪಕ್ಕದಲ್ಲೇ ಯಾರ್ಕ್, ಸೋಮಾ ಇವೆ. ದಿಂಡೋರಿ ಕಡೆ ಹೋದರೆ ಇನ್ನೂ ಕೆಲವು. ಶನಿವಾರ ಭಾನುವಾರ ಮುಂಬೈ, ಪುಣೆ ಜನ ತುಂಬಿಕೊಳ್ಳುತ್ತಾರೆ. ಆಗ ವಿವರಿಸುವವರಿಗೂ ಪುರುಸೊತ್ತಿಲ್ಲ, ಕೇಳುವವರಿಗೂ ಕಿವಿಗೆ ಬೀಳುವುದಿಲ್ಲ. ಮಂಗಳವಾರದಿಂದ ಗುರುವಾರದೊಳಗೆ ಒಂದು ದಿನ ಆರಿಸಿಕೊಳ್ಳಿ.

ದಿನಕ್ಕಿಂತ ತಿಂಗಳು ಮುಖ್ಯ. ವಿಜಯಪುರದಲ್ಲಿ ನೆಂಟರಿರುವವರಿಗೆ ಎಪ್ರಿಲ್ ಚಾಟ್ನಿ, ಅಕ್ಟೋಬರ್ ಚಾಟ್ನಿ ಎಂಬ ಮಾತು ಗೊತ್ತಿರುತ್ತದೆ. ಚಾಟ್ನಿ ಅಂದರೆ ಬಳ್ಳಿ ಕತ್ತರಿಸುವುದು. ನಮ್ಮ ದಖ್ಖನ್ ಸೀಮೆಯಲ್ಲಿ ದ್ರಾಕ್ಷಿ ಬಳ್ಳಿ ಯುರೋಪಿನಂತೆ ಚಳಿಗೆ ಎಲೆ ಉದುರಿಸಿ ನಿದ್ದೆ ಹೋಗುವುದಿಲ್ಲ. ಹಾಗಾಗಿ ವರ್ಷಕ್ಕೆ ಎರಡು ಸಲ ಕತ್ತರಿಸುತ್ತಾರೆ. ಎಪ್ರಿಲ್‌ನದು ಕಡ್ಡಿ ಬೆಳೆಸುವುದಕ್ಕೆ, ಅಕ್ಟೋಬರ್ ಸುತ್ತಿನದು ಹಣ್ಣು ಹಿಡಿಸುವುದಕ್ಕೆ. ಕೊಯ್ಲು ಒಂದೇ ಸಲ, ಜನವರಿಯಿಂದ ಮಾರ್ಚ್‌ವರೆಗೆ. ಮೊದಲು ಬಿಳಿ ಜಾತಿಗಳಾದ ಸುವಿನ್ಯೋನ್ ಬ್ಲಾಂಕ್, ಶೆನಿನ್ ಬ್ಲಾಂಕ್ ಬರುತ್ತವೆ. ಶಿರಾಜ್, ಕ್ಯಾಬರ್ನೆ ಮುಂತಾದ ಕೆಂಪು ಜಾತಿಗಳು ಆಮೇಲೆ. ಮೇ ತಿಂಗಳ ರಜೆಯಲ್ಲಿ ಮಕ್ಕಳನ್ನು ಕರೆದುಕೊಂಡು ಹೋದರೆ ಕಾಣುವುದು ತಂತಿ, ಕಂಬ, ಆಗಷ್ಟೇ ಚಿಗುರುತ್ತಿರುವ ಮೋಟು ಬಳ್ಳಿ. ಮಳೆಗಾಲದಲ್ಲಿ ಹಸಿರು ತುಂಬಿರುತ್ತದೆ, ಒಂದು ಗೊಂಚಲೂ ಇರುವುದಿಲ್ಲ. ಫೆಬ್ರುವರಿಯ ಮೊದಲ ಹದಿನೈದು ದಿನ ಎಲ್ಲಕ್ಕಿಂತ ಒಳ್ಳೆಯದು. ಒಂದು ಕಡೆ ಕೊಯ್ಲು, ಒಳಗೆ ಹಣ್ಣು ಅರೆಯುವುದು, ಟ್ಯಾಂಕಿನಲ್ಲಿ ಹುದುಗು, ಮೂರೂ ಒಂದೇ ದಿನ ಕಾಣಸಿಗುತ್ತವೆ.

ತಾರೀಖು ಗೊತ್ತುಮಾಡುವಾಗ ಮದ್ಯ ಮಾರದ ದಿನಗಳನ್ನು ನೋಡಿಕೊಳ್ಳಿ. ಜನವರಿ 26 ಮತ್ತು 30 ಬೇಡ. ಚುನಾವಣೆ ಇದ್ದರೆ ಮತದಾನ ಮತ್ತು ಎಣಿಕೆಯ ದಿನಗಳೂ ಬೇಡ. ಹಬ್ಬಗಳ ವಿಷಯ ಬುಕಿಂಗ್ ಮಾಡುವಾಗಲೇ ಫೋನಿನಲ್ಲಿ ಕೇಳಿ. ಅಕಲೂಜ್ ಹಾದಿಗೆ ಪಂಢರಪುರದ ಏಕಾದಶಿಗಳನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಮಾಘ ಏಕಾದಶಿ ಸರಿಯಾಗಿ ಕೊಯ್ಲಿನ ಕಾಲಕ್ಕೇ ಬೀಳುತ್ತದೆ, ಆಗ ಊರು ದಾಟುವುದೇ ಕಷ್ಟ. ಆಷಾಢದ ವಾರಿ ಪಾದಯಾತ್ರೆಯಲ್ಲಿ ತುಕಾರಾಮರ ಪಾಲಕಿ ಅಕಲೂಜ್ ಮೇಲೆಯೇ ಹೋಗುತ್ತದೆ, ಆ ವಾರ ಆ ರಸ್ತೆ ವಾರಕರಿಗಳದು.

ಗಾಡಿ ಗೊತ್ತುಮಾಡುವಾಗ ಬಾಡಿಗೆಯ ಚೌಕಾಶಿಗಿಂತ ಮೊದಲು ಕೇಳಬೇಕಾದ್ದು ಪರ್ಮಿಟ್. ಹಳದಿ ಬೋರ್ಡ್ ಇರಬೇಕು, ಆಲ್ ಇಂಡಿಯಾ ಟೂರಿಸ್ಟ್ ಪರ್ಮಿಟ್ ಚಾಲ್ತಿಯಲ್ಲಿರಬೇಕು. ಪರಿಚಯದವರ ಬಿಳಿ ಬೋರ್ಡ್ ಕಾರನ್ನು ಬಾಡಿಗೆಗೆ ಒಯ್ದರೆ ಗಡಿಯಲ್ಲಿ ದಂಡ ಬೀಳುತ್ತದೆ, ಅಪಘಾತವಾದರೆ ವಿಮೆ ಕೈಬಿಡಬಹುದು. ಕಿಲೋಮೀಟರ್ ದರ, ದಿನದ ಕನಿಷ್ಠ ಕಿಲೋಮೀಟರ್, ಟೋಲ್, ಡ್ರೈವರ್ ಬಾಟಾ, ಇವು ನಾಲ್ಕನ್ನೂ ವಾಟ್ಸ್‌ಆಪ್‌ನಲ್ಲಿ ಬರೆಸಿಕೊಳ್ಳಿ. ಐದನೆಯದು, ಡ್ರೈವರ್ ಒಂದು ಗುಟುಕೂ ಕುಡಿಯುವಂತಿಲ್ಲ ಎಂಬುದು. ಅದನ್ನು ಅವನಿಗೆ ಮೊದಲೇ ಗೌರವದಿಂದ ಹೇಳಿ, ಅವನ ಊಟ ನಿಮ್ಮ ಖರ್ಚಿನಲ್ಲಿ ಇರಲಿ.

‘ಸ್ವಲ್ಪ ರುಚಿ ನೋಡಿದರೆ ಏನಾಗ್ತದ, ನಾನೇ ಓಡಿಸ್ತೀನಿ’ ಎನ್ನುವವರಿಗಾಗಿ ಒಂದು ಲೆಕ್ಕ. ಟೇಸ್ಟಿಂಗ್‌ನಲ್ಲಿ ಸಾಮಾನ್ಯವಾಗಿ ಐದಾರು ಬಗೆ ಸುರಿಯುತ್ತಾರೆ. ಒಂದೊಂದು 30 ಮಿ.ಲೀ. ಎಂದು ಹಿಡಿಯಿರಿ. ಆರಕ್ಕೆ 180 ಮಿ.ಲೀ. ವೈನಿನಲ್ಲಿ ಮದ್ಯಸಾರ ಶೇ 13 ಇದ್ದರೆ ಹೊಟ್ಟೆಗೆ ಹೋದದ್ದು ಹದಿನೆಂಟು ಗ್ರಾಮ್‌ಗಿಂತ ತುಸು ಹೆಚ್ಚು. 60 ಕೆ.ಜಿ. ತೂಕದ ಗಂಡಸು ಖಾಲಿ ಹೊಟ್ಟೆಯಲ್ಲಿ ಬೇಗ ಬೇಗ ಕುಡಿದರೆ ರಕ್ತದಲ್ಲಿ 100 ಮಿ.ಲೀ.ಗೆ ಸುಮಾರು 45 ಮಿ.ಗ್ರಾಂ. ಆಗಬಹುದು, ಅದೇ ತೂಕದ ಹೆಂಗಸಿಗೆ ಇನ್ನೂ ಹೆಚ್ಚು. ಮೋಟಾರು ವಾಹನ ಕಾಯ್ದೆಯ ಮಿತಿ 30. ದಾಟಿದರೆ ಮೊದಲ ಸಲವೇ ₹10,000 ದಂಡ, ಆರು ತಿಂಗಳವರೆಗೆ ಜೈಲು, ಅಥವಾ ಎರಡೂ. ದೇಹ ಗಂಟೆಗೆ ಕರಗಿಸುವುದು 100 ಮಿ.ಲೀ. ರಕ್ತಕ್ಕೆ ಸುಮಾರು 15 ಮಿ.ಗ್ರಾಂ. ಮಾತ್ರ. ಅಂದರೆ ಒಂದು ಟೇಸ್ಟಿಂಗ್ ಪೂರ್ತಿ ಇಳಿಯಲು ಮೂರು ಗಂಟೆ ಬೇಕು. ನೀರು, ಮಜ್ಜಿಗೆ, ಚಹಾ ಯಾವುದೂ ಅದನ್ನು ಬೇಗ ಇಳಿಸುವುದಿಲ್ಲ.

ಇದೇ ಲೆಕ್ಕದಿಂದ ಇನ್ನೊಂದು ಮಾತೂ ತಿಳಿಯುತ್ತದೆ. ಮೂರು ವೈನರಿ ಸುತ್ತಿದರೆ 540 ಮಿ.ಲೀ., ಅಂದರೆ ಒಂದು ಬಾಟಲಿಯ ಮುಕ್ಕಾಲಿಗೆ ಹತ್ತಿರ. ಮೂರನೆಯ ಕಡೆ ನಾಲಿಗೆಗೆ ಏನೂ ತಿಳಿಯುವುದಿಲ್ಲ, ಸಂಜೆಯ ರೈಲಿನಲ್ಲಿ ಅಮಲಿನಲ್ಲಿರುವುದು ರೈಲ್ವೆ ಕಾಯ್ದೆಯ ಪ್ರಕಾರ ಅಪರಾಧವೂ ಹೌದು. ನಾಸಿಕ್‌ನಲ್ಲಿ ಎರಡು, ಅಕಲೂಜ್‌ನಲ್ಲಿ ಒಂದು, ಇಷ್ಟೇ ನಮ್ಮ ಸಲಹೆ. ಬಾಯಲ್ಲಿ ಆಡಿಸಿ ಉಗುಳಲು ಮೇಜಿನ ಮೇಲೆ ಪಾತ್ರೆ ಇಟ್ಟಿರುತ್ತಾರೆ. ನಮ್ಮವರು ಸಂಕೋಚಪಟ್ಟು ಅದನ್ನು ಮುಟ್ಟುವುದಿಲ್ಲ, ಆದರೆ ವೈನ್ ಮಾಡುವವರೇ ದಿನವೂ ಹಾಗೆ ಉಗುಳುತ್ತಾರೆ. 21 ದಾಟದ ಮಕ್ಕಳಿಗೆ ಟೇಸ್ಟಿಂಗ್ ಇಲ್ಲ, ಎಲ್ಲರ ಗುರುತಿನ ಚೀಟಿ ಜೊತೆಗಿರಲಿ.

ಹೊರಡುವ ದಿನ ಅತ್ತರು, ಸೆಂಟ್ ಹಚ್ಚಬೇಡಿ. ಗುಟ್ಕಾ, ಜರ್ದಾ ಪಾನ್ ಹಾಕುವವರು ಬೆಳಿಗ್ಗೆಯಿಂದಲೇ ಬಿಡಬೇಕು, ಸುಣ್ಣ ಮತ್ತು ತಂಬಾಕಿನಿಂದ ಮರಗಟ್ಟಿದ ನಾಲಿಗೆಗೆ ಬಿಳಿ ವೈನು ನೀರಿನಂತೆಯೇ ಅನಿಸುತ್ತದೆ. ದಾರಿಗೆ ರೊಟ್ಟಿ, ಮೊಸರು, ಶೇಂಗಾ ಹೋಳಿಗೆ ಕಟ್ಟಿಕೊಳ್ಳಿ, ಹೊಟ್ಟೆ ತುಂಬಿಸಿಕೊಂಡೇ ಟೇಸ್ಟಿಂಗ್‌ಗೆ ಕೂರಿ. ಕೆಂಪು ಖಾರದ ಚಟ್ನಿ ಮಾತ್ರ ಆಗ ಬೇಡ. ಕೆಂಪು ವೈನಿನ ಒಗರು ಖಾರದ ಜೊತೆ ಸೇರಿದರೆ ಬಾಯಿ ಉರಿಯುತ್ತದೆ. ಖಾರದೂಟಕ್ಕೆ ಹೊಂದುವುದು ತುಸು ಸಿಹಿ ಉಳಿಸಿದ, ತಣ್ಣಗಿನ ಶೆನಿನ್ ಬ್ಲಾಂಕ್.

ತೋಟದಲ್ಲಿ ಒಂದು ಕಾಳು ತಿನ್ನಲು ಕೇಳಿ. ವೈನ್ ದ್ರಾಕ್ಷಿ ಸಣ್ಣದು, ಸಿಪ್ಪೆ ದಪ್ಪ, ಬೀಜ ಇರುತ್ತದೆ, ಸಿಹಿ ಮಾತ್ರ ನಾವು ತಿನ್ನುವ ಥಾಮ್ಸನ್‌ಗಿಂತ ಹೆಚ್ಚು. ತಿನ್ನುವ ಹಣ್ಣನ್ನು 16ರಿಂದ 18 ಬ್ರಿಕ್ಸ್‌ಗೆ (ರಸದಲ್ಲಿನ ಸಿಹಿಯ ಅಳತೆ) ಕೊಯ್ದರೆ ಇದನ್ನು 22ರ ಆಸುಪಾಸಿನವರೆಗೆ ಬಿಡುತ್ತಾರೆ. ಲೀಟರಿಗೆ ಸುಮಾರು 17 ಗ್ರಾಂ ಸಕ್ಕರೆ ಹುದುಗಿದರೆ ಶೇ 1 ಮದ್ಯಸಾರ, ಬಾಟಲಿಯ ಮೇಲಿನ ಅಂಕಿ ಬರುವುದೇ ಅಲ್ಲಿಂದ. ಮಣ್ಣನ್ನೂ ನೋಡಿ. ತೊಗರಿಗೆ ಒಗ್ಗುವ ನಮ್ಮ ಆಳದ ಎರೆಭೂಮಿ ನೀರು ಹಿಡಿದಿಡುತ್ತದೆ. ವೈನ್ ಬಳ್ಳಿಗೆ ಬೇರು ನೆನೆದು ಕೂರುವುದು ಆಗದು, ಎಲೆ ಸೊಕ್ಕುತ್ತದೆ, ಹಣ್ಣು ಸಪ್ಪೆಯಾಗುತ್ತದೆ. ನೀರು ಬಸಿದು ಹೋಗುವ ಇಳಿಜಾರು ಬೇಕು, ಜೊತೆಗೆ ರಾತ್ರಿಯ ಚಳಿ. ಹಗಲು ಸಿಹಿ ಏರುತ್ತದೆ, ರಾತ್ರಿ ತಂಪಾದರೆ ಹುಳಿ ಉಳಿಯುತ್ತದೆ. ಸುಮಾರು 600 ಮೀಟರ್ ಎತ್ತರದ ನಾಸಿಕ್‌ಗೆ ಈ ಅನುಕೂಲವಿದೆ.

ಒಳಗೆ ಹೋದಾಗ ಕೆಂಪು ಮತ್ತು ಬಿಳಿ ವೈನಿನ ದಾರಿ ಎಲ್ಲಿ ಕವಲೊಡೆಯುತ್ತದೆ ಎಂಬುದನ್ನು ಗಮನಿಸಿ. ಬಿಳಿಯದಕ್ಕೆ ಮೊದಲೇ ಹಿಂಡಿ ರಸ ಮಾತ್ರ ಹುದುಗಿಸುತ್ತಾರೆ, ಅದೂ 12ರಿಂದ 16 ಡಿಗ್ರಿ ತಂಪಿನಲ್ಲಿ, ಇಲ್ಲದಿದ್ದರೆ ಹಣ್ಣಿನ ವಾಸನೆ ಹಾರಿಹೋಗುತ್ತದೆ. ಕೆಂಪಿನದು ಸಿಪ್ಪೆಯ ಸಮೇತ, 25 ಡಿಗ್ರಿ ಆಸುಪಾಸಿನಲ್ಲಿ. ಬಣ್ಣ, ಒಗರು ಎರಡೂ ಸಿಪ್ಪೆಯದೇ. ಓಕ್ ಪೀಪಾಯಿಗಳ ಕೋಣೆ ಚಳಿ ಹಿಡಿಸುವಷ್ಟು ತಂಪಾಗಿರುತ್ತದೆ, ವಯಸ್ಸಾದವರಿಗೆ ಒಂದು ಶಾಲು ಇರಲಿ.

ಕೊನೆಗೆ ಬಾಟಲಿಯ ವಿಷಯ, ಏಕೆಂದರೆ ಡಿಕ್ಕಿ ತುಂಬಿಸಿಕೊಂಡು ಬರುವ ಆಸೆ ಎಲ್ಲರಿಗೂ ಇರುತ್ತದೆ. ಅಲ್ಲಿ ಕೊಂಡ ಬಾಟಲಿಗೆ ಕಟ್ಟಿದ್ದು ಮಹಾರಾಷ್ಟ್ರದ ಸುಂಕ. ಅದನ್ನು ಪರವಾನಗಿ ಇಲ್ಲದೆ ಕರ್ನಾಟಕಕ್ಕೆ ತಂದರೆ ಅಬಕಾರಿ ತಪಾಸಣೆಯಲ್ಲಿ ಬಿಲ್ ತೋರಿಸಿದರೂ ಕೇಸು ತಪ್ಪದಿರಬಹುದು, ಗಾಡಿಯೂ ಸಿಕ್ಕಿಬೀಳಬಹುದು. ಹಿಡಿಸಿದ ವೈನಿನ ಲೇಬಲ್‌ನ ಮುಂದೆ ಹಿಂದೆ ಎರಡೂ ಫೋಟೊ ತೆಗೆದುಕೊಳ್ಳಿ, ದ್ರಾಕ್ಷಿಯ ಜಾತಿ ಮತ್ತು ಕೊಯ್ಲಿನ ವರ್ಷ ಸ್ಪಷ್ಟವಾಗಿ ಕಾಣಲಿ. ಈ ಕಂಪನಿಗಳ ಸಾಕಷ್ಟು ಬಗೆಗಳು ಕರ್ನಾಟಕದಲ್ಲೂ ಮಾರಾಟಕ್ಕಿವೆ. ಫೋಟೊ ತೋರಿಸಿದರೆ ಅಂಗಡಿಯವರು ತರಿಸಿಕೊಡುತ್ತಾರೆ. ಆದರೆ ನಮ್ಮ ಬೇಸಿಗೆಯಲ್ಲಿ ಬಿಸಿಲು ಬೀಳುವ ಶೋಕೇಸಿನಲ್ಲಿ ನಿಂತ ಬಾಟಲಿ ತೆಗೆದುಕೊಳ್ಳಬೇಡಿ, ಒಳಗಿನ ಪೆಟ್ಟಿಗೆಯಿಂದ ತೆಗೆದುಕೊಡಲು ಹೇಳಿ. ಕಾರ್ಕ್ ಮೇಲೆದ್ದಿದ್ದರೆ, ಕತ್ತಿನ ಸುತ್ತ ಅಂಟು ಇಳಿದಿದ್ದರೆ ಆ ಬಾಟಲಿ ಬಿಸಿಯಲ್ಲಿ ಕೆಟ್ಟಿರುತ್ತದೆ, ಹಣ ಕೊಡುವ ಮೊದಲೇ ನೋಡಿಕೊಳ್ಳಿ.